ಬಿಳಿ ಬೆಡ್‌ಶೀಟು

"ಮುಖಾನೇ ಕಾಣ್ತಿಲ್ಲ ಕಣೆ, ಬರೀ ಕಪ್ಪಗಿದೆ," ಎಂದು ಲ್ಯಾಪ್‌ಟಾಪ್ ಇಣುಕಿ ನೋಡಿದ ವಿವೇಕ್ ತನ್ನ ಮೀಟಿಂಗಿಗೆ ಒಳಗೆ ಓಡಿದ. ಇಂಚರಾಳ ಟೀಮ್ ಲೀಡ್ ಹುದ್ದೆಯ ವಿಡಿಯೋ ಸಂದರ್ಶನಕ್ಕೆ ಉಳಿದಿದ್ದದ್ದು ಎರಡೇ ನಿಮಿಷ. ಕೋವಿಡ್ ಬಂದಾಗಿನಿಂದ ಒಳಗೆ ಗಂಡನ ಆಫೀಸು, ಮಗಳ ಆನ್‌ಲೈನ್ ಕ್ಲಾಸು; ಅವಳ ಪಾಲಿಗೆ ಬಂದದ್ದು ಜಪಾನಿನ ಫುನಾಬೊರಿಯ ಫ್ಲ್ಯಾಟಿನ ಈ ಬಾಲ್ಕನಿ, ಬೆನ್ನಿಗೆ ಹೊಡೆಯುವ ಬಿಸಿಲು.

ಪಕ್ಕದ ಬಾಲ್ಕನಿಯಲ್ಲಿ ಬಟ್ಟೆ ತೆಗೆಯುತ್ತಿದ್ದ ಎಂಬತ್ತೆಂಟರ ಅಜ್ಜಿ ಹಯಾಶಿ ಸಾನ್ ಅವಳನ್ನೊಮ್ಮೆ ದಿಟ್ಟಿಸಿದರು. ಆಮೇಲೆ ನಡುವಿನ ಗಿಡ್ಡ ಗೋಡೆಗೆ ಮೊಣಕೈ ಊರಿ, ಒಣಗಿದ ಬಿಳಿ ಬೆಡ್‌ಶೀಟನ್ನು ಅವಳಿಗೆ ಎದುರಾಗಿ ಬಿಗಿಯಾಗಿ ಹಿಡಿದರು. ಬಿಸಿಲು ಅದಕ್ಕೆ ಬಡಿದು ಅವಳ ಮುಖಕ್ಕೆ ಮರಳಿತು.

"ಸುಮಿಮಾಸೆನ್, ಕ್ಷಮಿಸಿ, ಕೈ ನೋಯುತ್ತೆ, ಬಿಡಿ," ಎಂದಳು ಇಂಚರಾ.

"ನೀವು ಅಲುಗಾಡಬೇಡಿ," ಎಂದರು ಹಯಾಶಿ ಸಾನ್, ಮಾಸ್ಕಿನೊಳಗಿಂದಲೇ.

ಸಂದರ್ಶನ ಮಾಡಬೇಕಿದ್ದ, ಅವಳ ಶಿನಾಗಾವಾ ಆಫೀಸಿನ ಮ್ಯಾನೇಜರ್ ಓನೊ ಸಾನ್ ಪರದೆಗೆ ಬಂದವರೇ, "ಎರಡು ವರ್ಷದಲ್ಲಿ ಇವತ್ತೇ ನಿಮ್ಮ ಮುಖ ಸರಿಯಾಗಿ ಕಂಡಿದ್ದು," ಎಂದು ನಕ್ಕರು. ಇಂಚರಾ ಹತ್ತು ನಿಮಿಷ ತಡವರಿಸದೆ ಮಾತಾಡಿದಳು. ಬೆಡ್‌ಶೀಟು ಒಮ್ಮೆಯೂ ನಡುಗಲಿಲ್ಲ.

"ಎಲ್ಲಿ ಕಲಿತ್ರಿ ಇದನ್ನ?" ಕರೆ ಮುಗಿದೊಡನೆ ಕೇಳಿದಳು.

"ಹಾಲಿವುಡ್‌ನಲ್ಲಿ. ಹನ್ನೊಂದು ಸಿನಿಮಾದಲ್ಲಿ ನಟಿಸಿದ್ದೆ."

"ಹೀರೋಯಿನ್ ಆಗಿ?"

"ಹೀರೋಯಿನ್‌ಗೆ ಟೀ ತಂದುಕೊಡೋಳಾಗಿ." ಹಯಾಶಿ ಸಾನ್ ಬೆಡ್‌ಶೀಟನ್ನು ಅಂಚಿಗೆ ಅಂಚು ಕೂಡಿಸಿ ಮಡಿಸತೊಡಗಿದರು. "ಅವಳ ಮುಖಕ್ಕೆ ಬೆಳಕು ಬೀಳಲಿ ಅಂತ ಬಿಳಿ ಹಲಗೆ ಹಿಡಿದು ನಿಲ್ಲೋನೊಬ್ಬ ಇದ್ದ. ಒಂದೇ ಒಂದು ಸಲ, ಯಾರೂ ಹೇಳದೆ, ಅದನ್ನ ನನ್ನ ಕಡೆ ತಿರುಗಿಸಿದ. ಹನ್ನೊಂದು ಸಿನಿಮಾದಲ್ಲಿ ನನ್ನ ಮುಖ ಕಾಣೋದು ಆ ಶಾಟಿನಲ್ಲಿ ಮಾತ್ರ."