ಶಂಕ್ರವ್ವನ ಬಲಗೈ

ಬೇಸ್‌ಬಾಲ್ ತಂಡದ ಚೆಂಡೆಸೆಯುವ ಪಿಚರ್ ಫಕ್ಕೀರೇಶನ ನಿವೃತ್ತಿಗೆ ಒಂದೇ ದಿನ ಉಳಿದಿತ್ತು. ನಾಳೆ ಡಾಕ್ಟರು ಅವನ ಬಲಗೈ ಕಳಚಿ ಹೊಸ ಪಿಚರ್‌ಗೆ ಜೋಡಿಸುತ್ತಾರೆ. ಪಳಗಿದ ಕೈ ಹೀಗೆ ದಾಟುತ್ತ ಹೋಗುವುದು ಆಟದ ಪದ್ಧತಿ. ಅವನಿಗೂ ಅದು ಬಂದದ್ದು ಹಿಂದಿನ ಪಿಚರ್ ಶಂಕ್ರವ್ವನಿಂದ.

ಒಂದು ಸಂಗತಿ ಮಾತ್ರ ಹನ್ನೊಂದು ವರ್ಷದಿಂದ ಅವನ ತಲೆ ಕೊರೆಯುತ್ತಿತ್ತು. ಪ್ರತಿ ಎಸೆತಕ್ಕೂ ಮೊದಲು ಆ ಕೈ ತಾನಾಗಿ ಮೇಲೆದ್ದು, ಅವನ ಬಕ್ಕತಲೆಯ ಹಣೆಯನ್ನು ಸವರಿ ಕಿವಿಯ ಹಿಂದಕ್ಕೆ ಹೋಗುತ್ತಿತ್ತು. ಎದುರಾಳಿಗಳು ಅದನ್ನು ಗುಟ್ಟಿನ ಸನ್ನೆಯೆಂದು ತಿಳಿದು ಕಂಗೆಡುತ್ತಿದ್ದರು. ಅದೇನೆಂದು ಅವನಿಗೇ ಗೊತ್ತಿರಲಿಲ್ಲ.

ಹುಬ್ಬಳ್ಳಿಯ ತನ್ನ ಖಾನಾವಳಿಯಲ್ಲಿ ಶಂಕ್ರವ್ವ ಎಡಗೈಯೊಂದರಿಂದಲೇ ರೊಟ್ಟಿ ಬಡಿಯುತ್ತಿದ್ದಳು.

“ಅಕ್ಕಾರ, ಒಂದ್ ಮಾತು ಕೇಳಾಕ ಬಂದೇನ್ರಿ.”

“ಕೇಳಪಾ. ಮೊದ್ಲ ಕುಂಡ್ರು.”

ಅವನು ಪಕ್ಕದಲ್ಲಿ ಕುಳಿತ. ಅವಳು ಬಾಗಿ ರೊಟ್ಟಿ ತಿರುವಿದಾಗ ಬಿಳಿಗೂದಲಿನ ಎಳೆಯೊಂದು ಕಣ್ಣಿನ ಮೇಲೆ ಜಾರಿತು. ಹಿಟ್ಟು ಮೆತ್ತಿದ ಅವಳ ಎಡಗೈ ಮೇಲೇಳುವ ಮೊದಲೇ ಫಕ್ಕೀರೇಶನ ಬಲಗೈ ಚಾಚಿಕೊಂಡು, ಆ ಎಳೆಯನ್ನು ಸವರಿ ಅವಳ ಕಿವಿಯ ಹಿಂದೆ ಸಿಕ್ಕಿಸಿತು.

ಅವನು ನಾಚಿ ತಲೆ ತಗ್ಗಿಸಿದ. ಶಂಕ್ರವ್ವ ಅವನತ್ತ ನೋಡಲೇ ಇಲ್ಲ. ಆ ಕೈಯನ್ನೇ ನೋಡುತ್ತ ಮೆಲ್ಲಗೆ ಕೇಳಿದಳು:

“ಇನ್ನಾ ಮರ್ತಿಲ್ಲೇನ ನೀ, ನನ್ನ?”