ಮುಖಪುಟದ ಮಾವ

ಕ್ಯಾಮೆರಾ ಹಿಡಿಯುವುದರಲ್ಲಿ ನನ್ನನ್ನು ಮೀರಿಸುವವನು ಭೂಮಿಯ ಮೇಲೆ ಇನ್ನೂ ಹುಟ್ಟಿಲ್ಲ. ಸಿಯೋಲ್ ಬೀದಿಗಳ ಹಳೇ ಫ್ಯಾಷನ್ ನೆನೆದು ಕಣ್ಣೀರಿಡುವವರಿಗಾಗಿ ಡಿಜಿಟಲ್ ಫೋಟೊ ಪುಸ್ತಕವೊಂದು ಬರುತ್ತದೆಂದು ತಿಳಿದದ್ದೇ ತಡ, ಹರಿಹರದ ಸೇತುವೆಯನ್ನೂ ದಾಟದ ನನ್ನ ಸೋದರಮಾವನಿಗೆ ದೊಗಳೆ ಜೀನ್ಸ್ ತೊಡಿಸಿ, ನಮ್ಮೂರ ಟೈಲರ್ ಅಂಗಡಿಯ ಮುಂದೆ ನಿಲ್ಲಿಸಿ ಫೋಟೊ ತೆಗೆದೆ. ಕಂಪ್ಯೂಟರಿನಲ್ಲಿ ಅವರ ವಯಸ್ಸು ಮೂವತ್ತು ವರ್ಷ ಇಳಿಸಿ, ಬೋರ್ಡಿಗೆ ಕೊರಿಯನ್ ಅಕ್ಷರ ಕೂರಿಸಿ ಕಳಿಸಿದೆ. ಅದೇ ಮುಖಪುಟವಾಯಿತು! ಅರ್ಧ ಕೊರಿಯಾ ಬಿಕ್ಕಿಬಿಕ್ಕಿ ಅತ್ತಿತು.

ಮರುದಿನವೇ ಸಿಯೋಲಿನಿಂದ ಹೆಂಗಸೊಬ್ಬಳು ಪುಸ್ತಕದವರಿಂದ ನನ್ನ ನಂಬರ್ ಪಡೆದು, ಅಳುತ್ತ ವಿಡಿಯೋ ಕಾಲ್ ಮಾಡಿದಳು. ಸೀರಿಯಲ್ ನೋಡಿಯೇ ಕೊರಿಯನ್ ಕಲಿತಿದ್ದ ಅತ್ತೆ ಫೋನ್ ಕಸಿದುಕೊಂಡರು.

“ಫೋಟೊದಲ್ಲಿರೋದು ಇವಳ ಗಂಡನಂತೆ. ಮೂವತ್ತು ವರ್ಷದ ಹಿಂದೆ ಸಿಗರೇಟು ತರ್ತೀನಿ ಅಂತ ಹೋದವರು ಬಂದೇ ಇಲ್ವಂತೆ.”

ಮಾವ ನನ್ನ ಕೈ ಹಿಡಿದುಕೊಂಡರು. “ಲೇ, ಅದನ್ನ ಎಲ್ಲಿ ತೆಗೆದಿದ್ದು ಅಂತ ಹೇಳೋ! ನನ್ನ ಸಂಸಾರ ಹಾಳಾಗುತ್ತೆ!”

“ಹೇಳಿದ್ರೆ ನನ್ನ ಮುಖಪುಟ ಹೋಗುತ್ತೆ, ಮಾವ.”

ಅತ್ತೆ ಅವಳೊಂದಿಗೆ ಇನ್ನಷ್ಟು ಮಾತಾಡಿ, ಫೋನ್ ಇಟ್ಟು ಒಳಗೆ ಹೋದರು. ಮಾವ ಹಿಂದೆಯೇ ಓಡಿದರು. “ಅವನು ನಾನಲ್ಲ ಕಣೇ!”

“ನಂಗೊತ್ತು ರೀ. ಅವಳಿಗೆ ಗೊತ್ತಿಲ್ವಲ್ಲ!” ಅತ್ತೆ ಮಾವನ ಸೂಟ್‌ಕೇಸನ್ನು ಹೊರಗೆ ತಂದಿಟ್ಟರು. “ಅಲ್ಲಿ ಚಳಿಯಂತೆ, ನಿಮ್ಮ ಸ್ವೆಟರ್ ಇಟ್ಟಿದೀನಿ.”