ಮೊದಲು ಬಲ ಭುಜ

ಮಂಜಿನಲ್ಲಿ ಯಾರ ಸಮವಸ್ತ್ರವೂ ಗುರುತು ಸಿಗುತ್ತಿರಲಿಲ್ಲ. ತ್ಸಾರ್ ಸೈನ್ಯದ ರಷ್ಯನ್ ಕ್ಯಾಪ್ಟನ್, ಶಿಬಿರದ ಕಾವಲಿಗೆ ನಿಂತಿದ್ದ ತಾತಾರ್ ಮುಸಲ್ಮಾನ ಸಿಪಾಯಿಗೆ ಹೇಳಿದ: "ಬಂದವರ ಕೈಲಿ ಎದೆ ಮೇಲೆ ಶಿಲುಬೆ ಗುರುತು ಮಾಡಿಸು. ನಮ್ಮೋರು ಮೊದಲು ಬಲ ಭುಜ ಮುಟ್ತಾರೆ. ಎಡ ಮುಟ್ಟಿದ್ರೆ ಶತ್ರು, ಆಸ್ಟ್ರಿಯಾದವನು. ಗುಂಡು ಹೊಡಿ."

ಮೊದಲು ಬಂದವನು ಬಲ ಭುಜ ಮುಟ್ಟಿದ. ಸಿಪಾಯಿ ಒಳಗೆ ಬಿಟ್ಟ. ಎರಡನೆಯವನು ಎಡ ಮುಟ್ಟಿದ.

ಗುಂಡಿನ ಸದ್ದಿಗೆ ಕ್ಯಾಪ್ಟನ್ ಓಡಿ ಬಂದು ಹೆಣವನ್ನು ಹೊರಳಿಸಿ ನೋಡಿದ.

"ಅಯ್ಯೋ, ನಮ್ಮ ಫಿರಂಗಿ ದಳದ ಪೋಲೆಂಡಿನವನು ಕಣೋ! ಕ್ಯಾಥೊಲಿಕರು ಎಡದಿಂದ ಶುರು ಮಾಡೋದು. ಮರೆತೇಬಿಟ್ಟೆ."

ಸಿಪಾಯಿ ಶಿಬಿರದ ಕಡೆ ತಿರುಗಿ ನೋಡಿದ.

"ಸಾಹೇಬ್ರೇ, ಅವರ ಸೈನ್ಯದಲ್ಲೂ ಬಲ ಮುಟ್ಟೋರು ಇದ್ದಾರಾ?"

"ಸರ್ಬಿಯನ್ನರಿದ್ದಾರೆ, ನಮ್ಮ ಹಾಗೇ ಆರ್ಥೊಡಾಕ್ಸ್ ಕ್ರೈಸ್ತರು. ಯಾಕೆ?"

"ಮೊದಲು ಬಂದವನಿಗೆ ಮದ್ದುಗುಂಡಿನ ಡೇರೆಗೆ ದಾರಿ ತೋರಿಸಿಬಿಟ್ಟೆ."